ಸಾವಂತ್ರವ್ವ ಹೇಳಿದ ಯಾದಿ

ಬಸರಿವಾಡಾದಲ್ಲಿ ಎಮ್ಮೆಗಳನ್ನು ಯಾರೂ ಎಣಿಸುವುದಿಲ್ಲ. ಎಣಿಸಬಾರದು. ಸಂಜೆ ಕಾಡಿನಿಂದ ತಿರುಗಿ ಬಂದ ಎಮ್ಮೆಗಳನ್ನು ದೊಡ್ಡಿಗೆ ಹೊಡೆಯುವಾಗ ಯಾರಾದರೂ ಒಂದು, ಎರಡು, ಮೂರು ಎಂದು ಬೆರಳು ಮಡಚಿದರೆ ಆ ಬೆರಳಿಗೆ ಸಾವಂತ್ರವ್ವನ ಬಡಿಗೆಯ ಏಟು ಖಂಡಿತ. ಮುಖ ನೋಡಬೇಕು, ಅಷ್ಟೆ. ಯಾವ ಮುಖ ಕಾಣಲಿಲ್ಲವೋ ಅದು ಇನ್ನೂ ಬಂದಿಲ್ಲವೆಂದು ತಿಳಿದು ಹೆಸರು ಹಿಡಿದು ಕೂಗಬೇಕು. ಜಾಂಬೋಟಿಯ ಆಚೆ, ಹಳ್ಳ ದಾಟಿ, ಕಾಡಿನ ಅಂಚಿಗಿರುವ ಆ ಏಳು ಮನೆಗಳಲ್ಲಿ ಮುತ್ತಜ್ಜನ ಕಾಲದಿಂದ ನಡೆದು ಬಂದ ರೀತಿ ಇದು. ಹಾಗಾಗಿ ಅಲ್ಲಿ ಒಟ್ಟು ಎಷ್ಟು ಎಮ್ಮೆಗಳಿದ್ದವೆಂದು ಈ ಕಥೆಯಲ್ಲೂ ಹೇಳುವುದಿಲ್ಲ. ಕೇಳಲೂ ಬೇಡಿ.

ಹೊರಗಿನವರು ಕೇಳಿದರೆ ಕೊಡಲು ಸಿದ್ಧವಾದ ಉತ್ತರವೊಂದಿತ್ತು: "ಅದಾವ್ರೀ, ಐದಾರು." ಹಾಲಿನ ಗಾಡಿಯವನು ಕೇಳಿದರೂ ಐದಾರು, ಬೀಗರು ಕೇಳಿದರೂ ಐದಾರು. ಕೆಲವು ವರ್ಷಗಳ ಹಿಂದೆ ಜಾನುವಾರು ಗಣತಿಯವರು ಬಂದಾಗ ವಾಡೆಯ ಹಿರಿಯ ಮಾಯಪ್ಪ, ಅಂದರೆ ಸಾವಂತ್ರವ್ವನ ಗಂಡ, ಅವರನ್ನು ಕಟ್ಟೆಯ ಮೇಲೆ ಕೂರಿಸಿ, ತಂಬಿಗೆ ತುಂಬ ಮಜ್ಜಿಗೆ ಕೊಟ್ಟು, ಏಳೂ ಮನೆಗಳ ಪರವಾಗಿ ತಾನೇ ಹೇಳಿಬಿಟ್ಟಿದ್ದ: "ಮನಿಗೆ ಐದಾರು ಹಿಡೀರಿ." ಎಮ್ಮೆಗಳು ಕಾಡಿನಲ್ಲಿದ್ದವು, ನೋಡಿ ಬರಲು ಬಿಸಿಲು ಜೋರಾಗಿತ್ತು, ಮಜ್ಜಿಗೆಯೂ ತಣ್ಣಗಿತ್ತು. ಬಂದವರು ಮನೆಗೆ ಆರು ಹಿಡಿದು, ಏಳು ಮನೆಗೆ ನಲವತ್ತೆರಡು ಎಂದು ಬರೆದುಕೊಂಡು ಹೋದರು. ವಾಡೆಯವರು ಅದು ಅಲ್ಲಿಗೆ ಮುಗಿಯಿತೆಂದು ತಿಳಿದರು.

ಎಲ್ಲಿ ಮುಗಿಯುತ್ತದೆ? ಈ ವರ್ಷ ಮೇ ತಿಂಗಳ ಕೊನೆಗೆ ಹಳ್ಳದ ಕೆಳಗಿನ ಇನ್ನೊಂದು ವಾಡೆಯಲ್ಲಿ ಗಂಟಲು ಬೇನೆ ಕಾಣಿಸಿಕೊಂಡಿತು. ಬೆಳಿಗ್ಗೆ ಮೇವು ತಿಂದ ಎಮ್ಮೆ ಮಧ್ಯಾಹ್ನಕ್ಕೆ ಗಂಟಲು ಊದಿಸಿಕೊಂಡು ನಿಂತಿತು, ಮರುದಿನ ಹೊತ್ತು ಏರುವುದರೊಳಗೆ ಸತ್ತಿತು. ಅದರ ಹಿಂದೆಯೇ ಇನ್ನೊಂದು ಹೋಯಿತು. ಸುದ್ದಿ ಮುಟ್ಟಿದ್ದೇ ತಡ, ಖಾನಾಪುರದಿಂದ ಪಶು ವೈದ್ಯ ಗುರುಪುತ್ರಪ್ಪ ಲಸಿಕೆಯ ಐಸ್ ಪೆಟ್ಟಿಗೆ ಹಿಡಿದುಕೊಂಡು ಬಂದರು. ಜೀಪನ್ನು ಹಳ್ಳದ ಬಳಿ ಬಿಟ್ಟು, ಪೆಟ್ಟಿಗೆಯನ್ನು ಹೆಗಲಿಗೆ ಹಾಕಿಕೊಂಡು ನಡೆದೇ ಬಂದ ಮನುಷ್ಯ. ಬೆವರು ಒರೆಸಿಕೊಳ್ಳುತ್ತ ಹೇಳಿದರು:

"ಮನಿಗೆ ಆರು ಎಮ್ಮಿ ಹಿಡಕೊಂಡ ಬರ್ರಿ."

"ಉಳದವಕ್ರೀ?" ಸಾವಂತ್ರವ್ವ ಕೇಳಿದಳು.

ಗುರುಪುತ್ರಪ್ಪ ದೊಡ್ಡಿಯ ಕಡೆ ತಿರುಗಿ ನೋಡಿದರು. ಒಂದರ ಪಕ್ಕ ಒಂದು ಕರಿ ಬೆನ್ನು, ಬೇಲಿಯ ಆ ತುದಿಯವರೆಗೂ. ಅದು ಒಂದೇ ಮನೆಯ ದೊಡ್ಡಿ.

"ಅವ್ವಾ, ಯಾದಿಯೊಳಗ ನಲವತ್ತೆರಡು ಅಂತ ಐತಿ. ಔಷಧಿ ಅಷ್ಟ ತಂದೀನಿ. ಇವೆಲ್ಲಾ ಎಲ್ಲಿಂದ ಬಂದವು?"

"ಎಲ್ಲಿಂದ ಬರ್ತಾವ್ರೀ? ಅವ್ವನ ಹೊಟ್ಟಿಯಿಂದ ಬಂದಾವು."

ಎಲ್ಲರೂ ಮಾಯಪ್ಪನ ಕಡೆ ನೋಡಿದರು. ಮಾಯಪ್ಪ ಬಿಚ್ಚದೇ ಇದ್ದ ರುಮಾಲನ್ನು ಬಿಚ್ಚಿ ಮತ್ತೆ ಸುತ್ತತೊಡಗಿದ. ಗುರುಪುತ್ರಪ್ಪ ಕಿಸೆಯಿಂದ ಪೆನ್ನು ತೆಗೆದು, "ಇರ್ಲಿ ಬಿಡ್ರಿ, ಈಗ ನಾನ ಎಣಿಸಿ ಬರಕೋತೀನಿ," ಎಂದದ್ದಷ್ಟೇ. ಏಳು ಮನೆಯ ಹೆಂಗಸರೂ ಗಂಡಸರೂ ಹೋ ಎಂದು ಬೊಬ್ಬೆ ಹಾಕಿದರು. ಮಾಯಪ್ಪ ಓಡಿಹೋಗಿ ದೊಡ್ಡಿಯ ಗಳ ಸರಿಸಿ ಎಮ್ಮೆಗಳನ್ನೆಲ್ಲ ಕಾಡಿಗೆ ಅಟ್ಟಿಬಿಟ್ಟ. ಡಾಕ್ಟರು ಪೆನ್ನು ಹಿಡಿದು ಧೂಳಿನಲ್ಲಿ ನಿಂತರು. ಮತ್ತೆ ಎಮ್ಮೆಗಳನ್ನು ಕರೆದು ಕಟ್ಟಬೇಕಾದರೆ, ಎಣಿಸುವುದಿಲ್ಲವೆಂದು ಅವರು ಮಗಳ ಆಣೆ ಇಡಬೇಕಾಯಿತು.

ಆಮೇಲೆ ಸಾವಂತ್ರವ್ವ ತನ್ನ ಆರನ್ನು ಆರಿಸಬೇಕಾಯಿತು. ಜೀವಮಾನದಲ್ಲಿ ಅಂಥ ಕೆಲಸ ಅವಳು ಮಾಡಿರಲಿಲ್ಲ. ಹಾಲು ಕೊಡುವುದನ್ನು ಆರಿಸಲೋ, ಗಬ್ಬ ನಿಂತದ್ದನ್ನೋ, ಮುದಿಯಾದ ಚಂದ್ರಿಯನ್ನೋ? ಆರನೆಯದರ ಕೊರಳಿಗೆ ಕೈ ಹಾಕುವಷ್ಟರಲ್ಲಿ ಮಂಗಳಿ ತಾನಾಗಿಯೇ ಬಂದು ಅವಳ ತೋಳಿಗೆ ಮುಖ ತಿಕ್ಕಿತು. ತಾಯಿ ಸತ್ತ ಕರು ಅದು. ಬಟ್ಟೆ ಹಾಲಿನಲ್ಲಿ ಅದ್ದಿ ಚೀಪಿಸಿ ಸಾವಂತ್ರವ್ವ ತಾನೇ ಸಾಕಿದ್ದಳು. ಮಂಗಳಿ ಇನ್ನೂ ಹಾಲಿಗೆ ಬಂದಿರಲಿಲ್ಲ, ಹಾಲು ಕೊಡುವ ಗವರಿ ಹಿಂದೆ ನಿಂತಿತ್ತು. ಮನೆ ನಡೆಯುವುದು ಗವರಿಯ ಹಾಲಿನಿಂದ. ಸಾವಂತ್ರವ್ವ ಮಂಗಳಿಯ ಮುಖವನ್ನು ಆಚೆ ತಳ್ಳಿ ಗವರಿಯನ್ನು ಹಿಡಿದಳು.

"ನಾ ಖಾನಾಪುರದಿಂದ ಬರದು ಕಳಸ್ತೀನಿ," ಎಂದರು ಗುರುಪುತ್ರಪ್ಪ ಹೊರಡುವಾಗ. "ಆದ್ರ ಯಾದಿ ಬದಲಾಗಿ ಔಷಧಿ ಬಿಡೂದು ಬೆಳಗಾವಿಯಿಂದ. ನಿಮ್ಮ ಅರ್ಜಿ ಬೇಕು. ಸಹಾಯವಾಣಿಗೆ ಫೋನ್ ಹಚ್ರಿ, ಇಲ್ಲಾ ನೀವ ಹೋಗ್ರಿ. ಎಲ್ಲಾ ಮಿರಗದ ಮಳಿ ಹಿಡಿಯೂದರೊಳಗ ಆಗಬೇಕು ನೋಡ್ರಿ."

ಅದನ್ನು ಅವರು ಹೇಳಬೇಕಿರಲಿಲ್ಲ. ಮಿರಗದ, ಅಂದರೆ ಮೃಗಶಿರಾ ನಕ್ಷತ್ರದ ಮಳೆ ಹಿಡಿಯಿತೆಂದರೆ ಹಳ್ಳ ತುಂಬುತ್ತದೆ. ಹಳ್ಳ ತುಂಬಿತೆಂದರೆ ಜೀಪೂ ಇಲ್ಲ, ಡಾಕ್ಟರೂ ಇಲ್ಲ. ಉಳಿದದ್ದು ಒಂಬತ್ತು ದಿನ.

ಫೋನಿಗೆ ಸಿಗ್ನಲ್ ಸಿಗುವುದು ವಾಡೆಯ ಹಿಂದಿನ ದಿಬ್ಬದ ಮೇಲೆ ಮಾತ್ರ. ಸಾವಂತ್ರವ್ವ ಹತ್ತಿ ಹೋಗಿ ಸಹಾಯವಾಣಿಗೆ ಫೋನ್ ಹಚ್ಚಿದಳು. ಆ ಕಡೆಯಿಂದ ಒಬ್ಬ ಹುಡುಗಿ ಬಹಳ ಮರ್ಯಾದೆಯಿಂದ ಹೆಸರು ಕೇಳಿದಳು, ಊರು ಕೇಳಿದಳು, ತಾಲೂಕು ಕೇಳಿದಳು. ಸಾವಂತ್ರವ್ವ ಪಟಪಟ ಹೇಳಿದಳು. "ಎಷ್ಟು ಜಾನುವಾರು ಅದಾವ್ರಿ?" ಎಂದು ಕೇಳಿದ ಕೂಡಲೇ ಫೋನ್ ಇಟ್ಟುಬಿಟ್ಟಳು. ಸ್ವಲ್ಪ ಹೊತ್ತು ಕೂತು ಮತ್ತೆ ಹಚ್ಚಿದಳು. ಮತ್ತೆ ಅದೇ ಪ್ರಶ್ನೆ, ಮತ್ತೆ ಇಟ್ಟಳು. ಮೂರನೇ ಸಲ ಹುಡುಗಿ ಗುರುತು ಹಿಡಿದಳು.

"ಅಜ್ಜಿ, ಪದೇ ಪದೇ ಕಟ್ ಆಗಾಕತ್ತೈತಿ. ಸಿಗ್ನಲ್ ಇಲ್ಲೇನ್ರಿ ಅಲ್ಲಿ?"

"ಸಿಗ್ನಲ್ ಐತಿ ಯವ್ವಾ. ನನಗ ಬಾಯಿ ಇಲ್ಲ."

ಹುಡುಗಿ ನಗಲಿಲ್ಲ. "ಹಂಗಾರ ಜಿಲ್ಲಾ ಕಚೇರಿಗೆ ಹೋಗಿ ಕೈಯಾಗ ಅರ್ಜಿ ಕೊಡ್ರಿ. ಆಧಾರ್ ಕಾರ್ಡ್ ಒಯ್ರಿ. ಅರ್ಜಿ ಕೊಟ್ಟಿದ್ದಕ್ಕ ನಂಬರ್ ಹಾಕಿದ ಚೀಟಿ ಕೊಡ್ತಾರ, ಅದನ್ನ ಇಸಗೊಳ್ಳದ ಬರಬ್ಯಾಡ್ರಿ," ಎಂದಳು. ಈ ಕೊನೆಯ ಮಾತನ್ನು ಸಾವಂತ್ರವ್ವ ದಿಬ್ಬ ಇಳಿಯುವವರೆಗೂ ಬಾಯಿಪಾಠ ಮಾಡುತ್ತ ಬಂದಳು.

ಮನೆಯಲ್ಲಿ ಮಾಯಪ್ಪ ಬೆಳಗಾವಿಗೆ ಹೊರಡಲು ಜಪ್ಪಯ್ಯ ಅಂದರೂ ಏಳಲಿಲ್ಲ.

"ಐದಾರು ಅಂತ ಹೇಳಿದಾಂವ ನಾನ. ಈಗ ಹೋಗಿ, ಸಾಹೇಬ್ರ, ನಾ ಸುಳ್ಳ ಹೇಳಿದ್ನಿ ಅನ್ಲೇನು? ನನ್ನ ರುಮಾಲ ಅಲ್ಲೇ ಅವರ ಟೇಬಲ್ ಮ್ಯಾಲ ಇಟ್ಟು ಬರ್ಲೇನು?"

"ರುಮಾಲ ಉಳಿಸ್ಕೋ ನೀ. ಎಮ್ಮಿ ನಾ ಉಳಿಸ್ತೀನಿ."

"ಏನಂತ ಹೇಳ್ತಿ? ಅವರು ಕೇಳೂದ ಎಷ್ಟ ಅಂತ. ಹೇಳ್ತೀಯೇನು? ಎಣಸ್ತೀಯೇನು?"

ಎಣಿಸಿದರೆ ದೃಷ್ಟಿ ಬೀಳುತ್ತದೆಂಬ ಭಯ ಸಾವಂತ್ರವ್ವನಿಗೂ ಇತ್ತು. ಅತ್ತೆ ಬದುಕಿದ್ದಾಗ, ಹಾಲು ಕೊಳ್ಳಲು ಬಂದವನೊಬ್ಬ ಬೇಲಿಯ ಬಳಿ ನಿಂತು ಬಾಯಿಬಿಟ್ಟು ಎಣಿಸಿದ್ದ. ಆ ವಾರದಲ್ಲೇ ಮೂರು ಎಮ್ಮೆ ಬಿದ್ದವು. ಕಾಡಿನಲ್ಲಿ ವಿಷದ ಸೊಪ್ಪು ತಿಂದಿರಬೇಕೆಂದು ಕೆಲವರು ಹೇಳಿದರು. ಅತ್ತೆ ಒಪ್ಪಲಿಲ್ಲ, ಸಾವಂತ್ರವ್ವನೂ ಒಪ್ಪಿರಲಿಲ್ಲ. ಆದರೂ ಮರುದಿನ ನಸುಕಿನಲ್ಲೇ ಎದ್ದು, ಹಸಿರು ಇಳಕಲ್ ಸೀರೆ ಉಟ್ಟು, ಆಧಾರ್ ಕಾರ್ಡನ್ನು ಕುಪ್ಪಸದೊಳಗೆ ಸೇರಿಸಿ ಹೊರಟುಬಿಟ್ಟಳು.

ಮೊದಲು ಖಾನಾಪುರಕ್ಕೆ ಹೋಗಿ ಗುರುಪುತ್ರಪ್ಪನವರಿಂದ ಪತ್ರ ತೆಗೆದುಕೊಂಡಳು. ಅಲ್ಲಿಂದ ಬೆಳಗಾವಿಯ ಬಸ್ಸು. ಹೆಂಗಸರಿಗೆ ಪುಕ್ಕಟೆ ಟಿಕೆಟ್ ಹರಿದುಕೊಟ್ಟ ಕಂಡಕ್ಟರ್, "ಎಲ್ಲಿಗಿ ಅವ್ವಾ, ಲಗ್ನಕ್ಕೇನು?" ಎಂದು ಚೇಷ್ಟೆ ಮಾಡಿದ. "ಸರ್ಕಾರದ ಮನಿಗಿ," ಎಂದಳು ಸಾವಂತ್ರವ್ವ. ಬೆಳಗಾವಿಯಲ್ಲಿ ಇಳಿದು, ದಂಡು ಪ್ರದೇಶವಾದ ಕ್ಯಾಂಪಿನ ದೊಡ್ಡ ಮರಗಳ ಕೆಳಗೆ ದಾರಿ ಕೇಳುತ್ತ, ಒಮ್ಮೆ ಕನ್ನಡದಲ್ಲಿ, ಒಮ್ಮೆ ಮರಾಠಿಯಲ್ಲಿ ಕೇಳುತ್ತ, ಪಶು ಇಲಾಖೆಯ ಕಚೇರಿ ತಲುಪುವಾಗ ಹನ್ನೊಂದು ಹೊಡೆದಿತ್ತು.

ಅರ್ಜಿ ತೆಗೆದುಕೊಳ್ಳುವ ಮೇಜಿನಲ್ಲಿ ಇದ್ದವಳು ಸುಹಾಸಿನಿ. ನಲವತ್ತರ ಆಸುಪಾಸು, ಕನ್ನಡಕ, ಮರಾಠಿ ಮನೆಮಾತಿನವಳು. ಕೆಲಸದಲ್ಲಿ ಚುರುಕು, ಮಾತಿನಲ್ಲಿ ನೇರ.

"ಕುಂದರ್ರಿ ಮಾವಶಿ. ಚಹಾ ಕುಡೀತೀರೇನು?"

ಚಹಾ ಬಂತು. ಸಾವಂತ್ರವ್ವ ಒಂದು ಗುಟುಕು ಕುಡಿದು ಲೋಟ ಕೆಳಗಿಟ್ಟಳು. "ಹಾಲಿಗಿ ನೀರ ಭಾಳ ಹಾಕ್ಯಾರ. ಎಮ್ಮೀದೂ ಅಲ್ಲ ಇದು."

ಸುಹಾಸಿನಿಗೆ ನಗು ಬಂತು. ಡಾಕ್ಟರ ಪತ್ರ ಓದಿದಳು, ಕಂಪ್ಯೂಟರಿನಲ್ಲಿ ಬಸರಿವಾಡಾ ಹುಡುಕಿದಳು, ಅರ್ಜಿಯ ಹಾಳೆ ತುಂಬುತ್ತ ಬಂದಳು. ಹೆಸರು, ಗಂಡನ ಹೆಸರು, ವಾಡೆ, ತಾಲೂಕು. ಆಮೇಲೆ ಪೆನ್ನು ನಿಂತಿತು.

"ಒಟ್ಟು ಎಷ್ಟು ಎಮ್ಮಿ?"

ಸಾವಂತ್ರವ್ವ ಬಿಟ್ಟಿದ್ದ ಚಹಾದ ಲೋಟವನ್ನು ಮತ್ತೆ ಎತ್ತಿಕೊಂಡಳು.

"ಮಾವಶಿ, ಇಲ್ಲಿ ನಲವತ್ತೆರಡು ಅಂತ ಐತಿ. ಡಾಕ್ಟರು ಜಾಸ್ತಿ ಅದಾವ ಅಂತ ಬರದಾರ. ಎಷ್ಟ ಜಾಸ್ತಿ ಅಂತ ಬ್ಯಾಡೇನು? ನಂಬರ್ ಇಲ್ಲದ ಅರ್ಜಿ ನಾ ಹ್ಯಾಂಗ ತಗೋಲಿ? ಔಷಧಿ ಅಂದ್ರ ಅಂದಾಜಿನ ಮ್ಯಾಲ ಬಿಡೂದಲ್ಲ."

ಖರೇ ಮಾತು. ಸಾವಂತ್ರವ್ವನಿಗೆ ಅವಳ ಮೇಲೆ ಸಿಟ್ಟು ಬರಲಿಲ್ಲ, ತನ್ನ ಮೇಲೆಯೇ ಬಂತು. ಎದ್ದು ಸೆರಗು ಹೊದ್ದು ಬಾಗಿಲವರೆಗೆ ಬಂದಳು. ಹೊರಗೆ ಬಿಸಿಲಿನಲ್ಲಿ ದೂರದ ಮೋಡ ಕಾಣುತ್ತಿತ್ತು. ಹೀಗೆ ಬರಿಗೈಯಲ್ಲಿ ಹೋದರೆ ಮಾಯಪ್ಪ ಏನೂ ಅನ್ನುವುದಿಲ್ಲ, ಅದು ಅವಳಿಗೆ ಗೊತ್ತು. ಮಂಗಳಿಯೂ ಏನೂ ಅನ್ನುವುದಿಲ್ಲ. ಬಂದು ತೋಳಿಗೆ ಮುಖ ತಿಕ್ಕುತ್ತದೆ. ಆ ಮುಖ ನೆನಪಾದದ್ದೇ ತಡ, ಸಾವಂತ್ರವ್ವನಿಗೆ ಥಟ್ಟನೆ ಏನೋ ಹೊಳೆಯಿತು. ತಿರುಗಿ ಬಂದು ಕುರ್ಚಿ ಎಳೆದುಕೊಂಡು ಕೂತಳು.

"ಅಕ್ಕಾರ, ನಮ್ಮಲ್ಲಿ ಎಮ್ಮಿ ಎಣಸಾಂಗಿಲ್ರಿ. ಅದು ನನ್ನಿಂದ ಆಗಾಂಗಿಲ್ಲ. ಆದ್ರ ಹೆಸರು ಹೇಳಬ್ಯಾಡ ಅಂತ ನಮ್ಮ ಹಿರ್ಯಾರು ಯಾರೂ ಹೇಳಿಲ್ಲ. ನಾ ಹೆಸರು ಹೇಳ್ತೀನಿ, ನೀವು ಬರಕೋರಿ. ಆಮ್ಯಾಲ ನೀವು ಏನ ಮಾಡ್ತೀರೋ ಮಾಡ್ರಿ, ನನ್ನ ಮುಂದ ಹೇಳಬ್ಯಾಡ್ರಿ."

ಸುಹಾಸಿನಿ ಕನ್ನಡಕ ತೆಗೆದು ಅವಳನ್ನು ನೋಡಿದಳು. "ಏಳೂ ಮನೀವು?"

"ಏಳೂ ಮನೀವು. ಅರ್ಧಕ್ಕರ್ಧ ನನ್ನ ಕೈಯಾಗ ಹುಟ್ಯಾವು."

ಸುಹಾಸಿನಿ ಹೊಸ ಹಾಳೆ ತೆಗೆದಳು. ಸಾವಂತ್ರವ್ವ ಕಣ್ಣು ಮುಚ್ಚಿದಳು. ಸಂಜೆ ಹೊತ್ತಿನಲ್ಲಿ ತನ್ನ ದೊಡ್ಡಿಯ ಬಾಗಿಲಲ್ಲಿ ನಿಂತ ಹಾಗೆ ಅವಳಿಗೆ ಒಂದೊಂದೇ ಮುಖ ಕಾಣತೊಡಗಿತು.

"ಬರಕೋರಿ. ನಮ್ಮ ಮನೀವು ಮೊದಲ. ಚಂದ್ರಿ, ಭಾಳ ವಯಸ್ಸಾಗೇತಿ. ಗವರಿ. ಗವರಿ ಮಗಳು ಜಾಜಿ. ತಾರಿ, ಹಣಿ ಮ್ಯಾಲ ಬಿಳಿ ಬೊಟ್ಟು. ಗುಜ್ಜಿ, ಎತ್ತರ ಕಡಿಮಿ. ಶುಕ್ರಿ, ಶುಕ್ರವಾರ ಹುಟ್ಟಿದ್ದು. ಮಂಗಳಿ..." ಕಣ್ಣು ಮುಚ್ಚಿಕೊಂಡೇ ಅವಳು ಹಾಳೆಯ ಕಡೆ ಬೆರಳು ಮಾಡಿದಳು. "ಮಂಗಳಿಗೆ ಸೂಜಿ ಬಿದ್ದಿಲ್ಲ. ಅದನ್ನ ದೊಡ್ಡದಾಗಿ ಬರೀರಿ."

ಇನ್ನೂ ಹಲವು ಹೆಸರುಗಳಾದ ಮೇಲೆ ಮೊದಲ ಮನೆ ಮುಗಿಯಿತು. ಎರಡನೆಯದು ಶುರುವಾಯಿತು. ಯಾವುದಕ್ಕೆ ಸೂಜಿ ಆಗಿದೆ, ಯಾವುದಕ್ಕೆ ಆಗಿಲ್ಲ, ಯಾವುದು ಗಬ್ಬ, ಯಾವುದರ ಕೊಂಬು ಯಾವ ಕಡೆ ಬಾಗಿದೆ, ಎಲ್ಲವನ್ನೂ ಹೇಳುತ್ತ ಹೋದಳು. ಹಾಳೆ ತುಂಬಿತು, ಮಗುಚಿದ್ದಾಯಿತು, ಹಿಂಬದಿಯೂ ತುಂಬಿತು. ನಾಲ್ಕನೇ ಮನೆಯ ನಡುವೆ ಸುಹಾಸಿನಿ ಕೈ ತಡೆದಳು.

"ಥಾಂಬಾ, ಸ್ವಲ್ಪ ತಡೀರಿ ಮಾವಶಿ. ಗಂಗಿ ಅಂತ ಎರಡನೇ ಮನ್ಯಾಗ ಹೇಳಿದ್ರಿ. ಮತ್ತ ಗಂಗಿ ಅಂತೀರಿ?"

"ಅದು ಬ್ಯಾರೆ ಗಂಗಿ. ಅದರ ಬಲಗಡೆ ಕೋಡು ಮುರದೈತಿ, ಇದರ ಬಾಲ ಮೋಟು. ಎರಡೂ ಒಂದ ಅವ್ವನ ಮಕ್ಕಳು. ಮನಿ ಪಾಲಾದಾಗ ಒಂದೊಂದು ಹಂಚಕೊಂಡ್ರು."

ಅಷ್ಟರಲ್ಲಿ ಪಕ್ಕದ ಮೇಜಿನವರು ಕೆಲಸ ಬಿಟ್ಟು ಬಂದು ನಿಂತಿದ್ದರು. ಜವಾನ ಬಾಗಿಲಿಗೆ ಒರಗಿ ಬಾಯಿ ತೆರೆದು ನಿಂತಿದ್ದ. ಬೇರೆ ಅರ್ಜಿ ತಂದವರೂ ತಮ್ಮ ಸರದಿ ಮರೆತು ಕೇಳುತ್ತಿದ್ದರು. ಅವಳು ಒಂದು ಕಡೆಯೂ ತೊದಲಲಿಲ್ಲ. ಶಾಲೆಯ ಮೆಟ್ಟಿಲು ಹತ್ತದ ಹೆಂಗಸು ಒಂದು ಕಾಗದದ ಚೂರೂ ಇಲ್ಲದೆ ಏಳು ಮನೆಯ ದೊಡ್ಡಿಗಳನ್ನು ಆ ಕಚೇರಿಯೊಳಗೆ ತಂದು ನಿಲ್ಲಿಸಿದ್ದಳು. ಏಳನೇ ಮನೆಯ ಕೊನೆಯ ಹೆಸರು ಹೇಳಿ ಕಣ್ಣು ತೆರೆದಾಗ ಯಾರೋ ಶಹಬ್ಬಾಸ್ ಎಂದರು. ಸಾವಂತ್ರವ್ವ ಬೆನ್ನು ನೇರ ಮಾಡಿ ಕೂತಳು. ತನಗೆ ಇಷ್ಟು ತಿಳಿದಿದೆಯೆಂದು ಅವಳಿಗೂ ಅಂದೇ ಗೊತ್ತಾದದ್ದು.

ಸುಹಾಸಿನಿ ಪೆನ್ಸಿಲ್ ಹಿಡಿದು ಸಾಲುಗಳ ಮೇಲೆ ಗೀರು ಹಾಕುತ್ತ ಹೋದಳು. ಸಾವಂತ್ರವ್ವ ಗೋಡೆಯ ಕಡೆ ಮುಖ ತಿರುಗಿಸಿದಳು. ಸುಹಾಸಿನಿ ಮೇಲಿನ ಸಾಹೇಬರಿಗೆ ಫೋನ್ ಹಚ್ಚಿ ಸಂಖ್ಯೆ ಹೇಳಬೇಕಾದಾಗ, "ಮಾವಶಿ, ಕಿವಿ ಮುಚ್ಚಿಕೋರಿ," ಎಂದಳು. ಸಾವಂತ್ರವ್ವ ಸೆರಗಿನಿಂದ ಎರಡೂ ಕಿವಿ ಮುಚ್ಚಿಕೊಂಡು ಕೂತಳು.

"ಡಾಕ್ಟರು ಔಷಧಿ ತಗೊಂಡು ಬರ್ತಾರ. ಹೆಸರು ಕರದು, ಎಮ್ಮಿ ನೋಡಿ, ಯಾದಿ ಕೂಡ ತಾಳೆ ಹಚ್ಚತಾರ," ಎಂದಳು ಸುಹಾಸಿನಿ. "ಒಂದ ಹೆಸರು ಸುಳ್ಳಾದ್ರೂ ನನ್ನ ಕುತ್ತಿಗಿಗಿ ಬರ್ತೈತಿ ನೋಡ್ರಿ."

"ಒಂದ ಹೆಸರು ಸುಳ್ಳಾದ್ರ ನಾ ಸಾವಂತ್ರವ್ವನ ಅಲ್ಲ. ಇನ್ನ ಆ ನಂಬರಿನ ಚೀಟಿ ಕೊಡ್ರಿ. ಅದನ್ನ ಇಸಗೊಳ್ಳದ ಬರಬ್ಯಾಡ ಅಂತ ಹೇಳ್ಯಾರ."

ಐದು ದಿನ ಯಾವ ಸುದ್ದಿಯೂ ಇಲ್ಲ. ಕೆಳಗಿನ ವಾಡೆಯಲ್ಲಿ ಮೂರನೇ ಎಮ್ಮೆ ಹೋಯಿತು. ಸಾವಂತ್ರವ್ವ ದಿನಕ್ಕೆ ನಾಲ್ಕು ಸಲ ಮಂಗಳಿಯ ಗಂಟಲು ಮುಟ್ಟಿ ನೋಡಿದಳು. ಐದನೇ ದಿನ ದಿಬ್ಬ ಹತ್ತಿ ಸಹಾಯವಾಣಿಗೆ ಫೋನ್ ಹಚ್ಚಿ ಚೀಟಿಯ ನಂಬರನ್ನು ಮಾಯಪ್ಪನಿಂದ ಓದಿಸಿದಳು. ಮಾಯಪ್ಪ ಓದಿದ. ಅದು ಎಮ್ಮೆಯ ಲೆಕ್ಕವಲ್ಲವಾದ್ದರಿಂದ ಅವನಿಗೆ ಅಡ್ಡಿಯಿರಲಿಲ್ಲ. "ಮಂಜೂರಾಗೇತಿ ಅಜ್ಜಾ, ನಾಳೆ ಬರ್ತಾರ," ಎಂದಿತು ಆ ಕಡೆಯ ದನಿ.

ಮರುದಿನ ಗುರುಪುತ್ರಪ್ಪ ಎರಡು ಪೆಟ್ಟಿಗೆ, ಇಬ್ಬರು ಸಹಾಯಕರ ಜೊತೆ ಬಂದರು. ಪಶ್ಚಿಮದ ಮೋಡ ಗುಡ್ಡಕ್ಕೆ ತಾಗಿತ್ತು, ಗಾಳಿ ತಣ್ಣಗಾಗಿತ್ತು. ಡಾಕ್ಟರು ಕಟ್ಟೆಯ ಮೇಲೆ ನಿಂತು, ಸರ್ಕಾರದ ಮೊಹರು ಬಿದ್ದ ಕಾಗದ ಬಿಚ್ಚಿ ಓದಿದರು:

"ಚಂದ್ರಿ!"

ಸಾವಂತ್ರವ್ವ ಕೂಗಿದಳು. ಚಂದ್ರಿ ನಿಧಾನವಾಗಿ ಮುಂದೆ ಬಂತು. ಗವರಿ ಎಂದರು, ಗವರಿ ಬಂತು. ಜಾಜಿ, ತಾರಿ, ಗುಜ್ಜಿ, ಶುಕ್ರಿ. ಹಿಂದಿನ ಸಲ ಸೂಜಿ ಹಾಕಿ ಕಿವಿಗೆ ಹಳದಿ ಬಿಲ್ಲೆ ತೊಡಿಸಿದ್ದನ್ನು ಬಿಟ್ಟರು, ಇಲ್ಲದ್ದಕ್ಕೆ ಸೂಜಿ ಹಾಕಿ ಬಿಲ್ಲೆ ತೊಡಿಸಿದರು. "ಮಂಗಳಿ" ಎಂಬ ಹೆಸರು ಡಾಕ್ಟರ ಬಾಯಿಂದ ಬೀಳುವ ಮೊದಲೇ ಮಂಗಳಿ ಬಂದು ಸಾವಂತ್ರವ್ವನ ತೋಳಿಗೆ ಮುಖ ತಿಕ್ಕುತ್ತಿತ್ತು. ಈ ಸಲ ಅವಳು ತಳ್ಳಲಿಲ್ಲ. ಸೂಜಿ ಚುಚ್ಚುವಾಗ ಕೊರಳನ್ನು ಅಪ್ಪಿ ಹಿಡಿದು, ಎಲ್ಲರೂ ನೋಡುತ್ತಿದ್ದಂತೆಯೇ ಅತ್ತಳು.

ಮನೆಯಿಂದ ಮನೆಗೆ ಯಾದಿ ಸಾಗಿತು. ಕೋಡು ಮುರಿದ ಗಂಗಿ ಬಂತು, ಬಾಲ ಮೋಟಾದ ಗಂಗಿಯೂ ಬಂತು. ಮಾಯಪ್ಪ ಡಾಕ್ಟರ ಹಿಂದೆ ಹಿಂದೆಯೇ ನಡೆಯುತ್ತ, ಪ್ರತಿ ಹೆಸರಿಗೂ ತಲೆ ಆಡಿಸುತ್ತ, ಸಹಾಯಕರಿಗೆ ಹೇಳುತ್ತಿದ್ದ: "ಇಕಿ ಹೇಳಿ ಬರಸ್ಯಾಳ್ರೀ ಇದನ್ನ. ಕಾಗದ ಇಲ್ಲ, ಏನಿಲ್ಲ. ಬೆಳಗಾವಿ ಸಾಹೇಬ್ರ ಎದ್ದ ನಿಂತರಂತ." ಯಾವ ಸಾಹೇಬರೂ ಎದ್ದು ನಿಂತಿರಲಿಲ್ಲ. ಸಾವಂತ್ರವ್ವ ಅದನ್ನು ತಿದ್ದಲು ಹೋಗಲಿಲ್ಲ.

ಏಳನೇ ಮನೆಯ ಕೊನೆಯ ಹೆಸರಿಗೂ ಎಮ್ಮೆ ಬಂದು ನಿಂತಾಗ ಮೊದಲ ಹನಿಗಳು ಬೀಳತೊಡಗಿದ್ದವು. ಗುರುಪುತ್ರಪ್ಪ ಕೊಡೆಯ ಕೆಳಗೆ ಹಾಳೆಯ ತಳದಲ್ಲಿ ಒಟ್ಟು ಸಂಖ್ಯೆ ಬರೆದು ಮಾಯಪ್ಪನ ಮುಂದೆ ಹಿಡಿದರು.

"ಒಂದೂ ಹೆಚ್ಚಿಲ್ಲ, ಒಂದೂ ಕಡಿಮಿ ಇಲ್ಲ. ಕಾಕಾ, ವಾಡೆದ ಹಿರ್ಯಾರು ನೀವು. ಇಲ್ಲೊಂದು ಸಹಿ ಮಾಡ್ರಿ."

ಮಾಯಪ್ಪ ಸಂಖ್ಯೆಯ ಕಡೆ ಕಣ್ಣು ಹಾಯಿಸದೆ ಪೆನ್ನನ್ನು ಹಿಂದೆ ಸರಿಸಿದ. ನಲವತ್ತು ವರ್ಷದ ಸಂಸಾರದಲ್ಲಿ ಒಂದು ದಿನವೂ ಹೆಂಡತಿಯ ಹೆಸರು ಹಿಡಿದು ಕರೆದವನಲ್ಲ ಅವನು.

"ನಾ ಹೇಳಿದ್ದು ಐದಾರು ರೀ, ಅದು ಸುಳ್ಳು. ಖರೇ ಹೇಳಿದಾಕಿ ಸಾವಂತ್ರವ್ವ. ಆಕೀನ ಹೆಬ್ಬಟ್ಟು ಒತ್ತಲಿ."

ಸಾವಂತ್ರವ್ವ ಮುಂದೆ ಬಂದಳು. ಹೆಬ್ಬೆರಳನ್ನು ಮಸಿಯಲ್ಲಿ ಚೆನ್ನಾಗಿ ಅದ್ದಿದಳು. ಸಹಿಯ ಜಾಗ ಡಾಕ್ಟರು ಬೆರಳಿಟ್ಟು ತೋರಿಸುತ್ತಲೇ ಇದ್ದರು, ಅವಳ ಹೆಬ್ಬೆರಳು ಅದನ್ನು ದಾಟಿ ಮೇಲೆ ಹೋಗಿ ನೇರವಾಗಿ ಆ ಸಂಖ್ಯೆಯ ಮೇಲೆಯೇ ಬಿತ್ತು.

"ಅಯ್ಯ ಅವ್ವಾ! ಅಂಕಿ ಮ್ಯಾಲ ಒತ್ತಿಬಿಟ್ರಲ್ಲ!"

"ಗೊತ್ತಿದ್ದ ಒತ್ತೀನ್ರಿ. ದೃಷ್ಟಿ ಬೊಟ್ಟು ಅದು, ಇರ್ಲಿ ಬಿಡ್ರಿ," ಎಂದಳು ಸಾವಂತ್ರವ್ವ. ಮತ್ತೆ ಹೆಬ್ಬೆರಳು ಅದ್ದಿ, ಡಾಕ್ಟರು ತೋರಿಸಿದ ಜಾಗದಲ್ಲಿ ಇನ್ನೊಂದು ಒತ್ತಿದಳು.